ಅಜ್ಜನ ಹೇಮಾವತಿ, ಅಜ್ಜಿಯ ಭದ್ರೆ

ನಮ್ಮ ಮನೆಯಲ್ಲಿ ಜಗಳವಾಗುತ್ತಿದ್ದುದು ಹೊಳೆಗಾಗಿ. ಅಜ್ಜ ಜಾವಳಿಯವರು, ಹೇಮಾವತಿ ಹುಟ್ಟುವುದೇ ಅಲ್ಲಿ. ಅಜ್ಜಿಯ ತವರು ಕಳಸದಾಚೆ, ಭದ್ರೆಯ ದಡದಲ್ಲಿ. ತೊಂಬತ್ತರ ದಶಕದ ಆ ಸಂಜೆಗಳು ಈಗಲೂ ಕಣ್ಣಿಗೆ ಕಟ್ಟಿದಂತಿವೆ. ಕಾಫಿ ಕೊಯ್ಲು ಮುಗಿದಿರುತ್ತಿತ್ತು. ಅಜ್ಜ ಜಗಲಿಯಲ್ಲಿ ಕೂತು ಶುರು ಮಾಡುತ್ತಿದ್ದರು.

“ನಮ್ಮ ಹೊಳೆ ಗೋಣಿಬೀಡು ಕಳೆದು, ಸಕಲೇಶಪುರ ಕಳೆದು, ಯಗಚಿಯನ್ನೂ ಕರ್ಕೊಂಡು ಕಾವೇರಿಗೆ ಸೇರ್ತದೆ. ಮೈಸೂರಿನೋರು ಕುಡಿಯೋದು ನಮ್ಮೂರ ನೀರು!”

ಅಜ್ಜಿ ಒಳಗಿನಿಂದಲೇ ಉತ್ತರಿಸುತ್ತಿದ್ದಳು: “ಜಾವಳೀಲಿ ನಿಮ್ಮ ಹೊಳೇನ ನಮ್ಮ ಕರು ಹಾರಿ ದಾಟ್ತದೆ, ಅದಕ್ಕಿಷ್ಟು ಜಂಬ. ಭದ್ರೆ ನೋಡಿ, ತುಂಗೆಯ ಕೂಡಿ, ಕೃಷ್ಣೆಯ ಕೂಡಿ ಸಮುದ್ರಕ್ಕೇ ಹೋಗ್ತಾಳೆ.”

ಪಾಪ, ಆ ಭದ್ರೆಯನ್ನು ಅವಳು ಕಣ್ತುಂಬ ನೋಡಿದ್ದೇ ಕಡಿಮೆ. ಮಳೆಗಾಲದಲ್ಲಿ ತವರಿಗೆ ಹೋಗೋಣವೆಂದರೆ ಹೊರನಾಡಿನ ದಾರಿಯ ತಗ್ಗು ಸೇತುವೆ ಮುಳುಗಿರುತ್ತಿತ್ತು. ಬೇಸಿಗೆಯಲ್ಲಿ ಹೋದರೆ, ಎರಡು ದಿನ ಕಳೆಯುವುದರೊಳಗೆ ಅಜ್ಜನ ಜೀಪು ಕರೆತರಲು ಬಂದು ನಿಲ್ಲುತ್ತಿತ್ತು. ಅಜ್ಜನಿಗೆ ಅವಳಿಲ್ಲದೆ ಊಟ ಸೇರುತ್ತಿರಲಿಲ್ಲ.

ಅಜ್ಜ ತೀರಿಕೊಂಡಾಗ ಬೂದಿಯನ್ನು ಹೇಮಾವತಿಗೆ ಬಿಟ್ಟೆವು. ಕೆಲವು ವರ್ಷಗಳ ಮೇಲೆ ಹಾಸಿಗೆ ಹಿಡಿದ ಅಜ್ಜಿ ಅಪ್ಪನನ್ನು ಕರೆದು, “ನನ್ನ ಬೂದಿ ಭದ್ರೆಗೆ ಬಿಡು” ಎಂದಳು. ಅಪ್ಪನ ಮುಖ ಸಣ್ಣದಾಯಿತು.

“ಅಪ್ಪ ಹೋಗಿದ್ದು ಈ ನೀರಲ್ಲಿ ಅಲ್ವೇನವ್ವ? ಈ ಎರಡು ಹೊಳೆ ದಾರೀಲಿ ಎಲ್ಲೂ ಸೇರೋದೇ ಇಲ್ಲ.”

“ಸಮುದ್ರದಲ್ಲಿ ಸೇರ್ತವಲ್ಲ ಮಾರಾಯ. ಅಲ್ಲಿ ಕಾಯ್ಲಿ ನಿಮ್ಮಪ್ಪ. ನಾನು ತವರು ನೋಡ್ಕೊಂಡು ನಿಧಾನಕ್ಕೆ ಬರ್ತೀನಿ.”

ನಮಗೆ ನಗು ಬಂತು. ಅಪ್ಪನಿಗೆ ಬರಲಿಲ್ಲ. ಅವಳು ಹೋದ ಮೇಲೂ ಅವರ ಮನಸ್ಸು ಒಪ್ಪಲಿಲ್ಲ. ಕೊನೆಗೆ ಚಿಕ್ಕಪ್ಪ ರಾಜಿ ಮಾಡಿಸಿದರು: ಅರ್ಧ ಭದ್ರೆಗೆ, ಅರ್ಧ ಹೇಮಾವತಿಗೆ. ಎರಡು ಕುಡಿಕೆಗಳಲ್ಲಿ ಬೂದಿ ತುಂಬಿ, ಕೊಟ್ಟಿಗೆಹಾರದ ಮೇಲೆ ಕಳಸಕ್ಕೆ ಹೋದೆವು.

ಭದ್ರೆ ತಿಳಿಯಾಗಿ ಹರಿಯುತ್ತಿದ್ದಳು. ಅಪ್ಪ ಮೊಣಕಾಲುದ್ದ ನೀರಿಗಿಳಿದು ಮೊದಲ ಕುಡಿಕೆಯನ್ನು ಬಿಟ್ಟರು. ಅದು ಕಣ್ಮರೆಯಾಗುವವರೆಗೂ ನೋಡುತ್ತ ನಿಂತರು. ಆಮೇಲೆ ದಡದ ಕಡೆ ಕೈ ಚಾಚಿ, “ಅದನ್ನೂ ಕೊಡು” ಎಂದರು.

“ಅದು ಹೇಮಾವತೀದು ಅಣ್ಣಾ,” ಎಂದರು ಚಿಕ್ಕಪ್ಪ.

“ಕೊಡೋ. ಈ ಸಲ ಅವ್ವನ್ನ ಯಾರೂ ವಾಪಸ್ ಕರ್ಕೊಂಡು ಹೋಗೋದು ಬೇಡ.”