ಕ್ಲೋಸಪ್ಪಿನಲ್ಲಿ ಜವರಯ್ಯ

ಕುಶಾಲನಗರದ ಹತ್ತಿರ ಕಾವೇರಿಯಲ್ಲಿ ಮೀನು ಹಿಡಿದು ಬದುಕುವ ಜವರಯ್ಯನಿಗೆ ಇನ್ನೊಂದು ಕೆಲಸವೂ ಇದೆ. ಹೊಳೆಯಲ್ಲಿ ಯಾರಾದರೂ ಮುಳುಗಿದರೆ ಪೊಲೀಸರು ಮೊದಲು ಫೋನ್ ಮಾಡುವುದು ಅವನಿಗೇ. ಮುಳುಗಿ, ಹುಡುಕಿ, ಹೆಣ ತರುತ್ತಾನೆ. ಹೆಸರಿಗೆ ತಕ್ಕ ಕಸುಬು ಎಂದು ಊರವರು ಛೇಡಿಸುತ್ತಾರೆ. ಛೇಡಿಸುವವರಲ್ಲಿ ಒಬ್ಬನಿಗೂ ಮೊಣಕಾಲುದ್ದ ನೀರಿಗಿಳಿಯುವ ಧೈರ್ಯವಿಲ್ಲ. ನಲವತ್ತು ವರ್ಷದಲ್ಲಿ ಅವನ ಮುಖವನ್ನು ಯಾರೂ ಸರಿಯಾಗಿ ನೋಡಿಲ್ಲ. ದಡದಲ್ಲಿ ಕಾಯುವವರು ನೋಡುವುದು ಅವನು ತಂದದ್ದನ್ನು. ಅದು ಅವನಿಗೆ ಒಳಗೊಳಗೇ ನೋವು.

ಹೋದ ವರ್ಷ ಹತ್ತಿರದ ಅಣೆಕಟ್ಟಿನ ಹಿನ್ನೀರಿಗೆ ನೌಕಾಯುದ್ಧದ ಸಿನಿಮಾದವರು ಬಂದರು. ಕಡಲು ಹುಡುಕಿಕೊಂಡು ಬೆಟ್ಟ ಹತ್ತಿದ ಬುದ್ಧಿವಂತರು. ಪ್ಲೈವುಡ್ಡಿನ ಅರ್ಧ ಹಡಗು ಕಟ್ಟಿ, ಅದು ಮುಳುಗಿದಾಗ ಸತ್ತು ತೇಲಲು ಜವರಯ್ಯನೂ ಸೇರಿ ಮೂವತ್ತು ಜನರಿಗೆ ನಾವಿಕರ ಬಿಳಿ ಬಟ್ಟೆ ತೊಡಿಸಿದರು. ಉಳಿದ ಹೆಣಗಳೆಲ್ಲ ಕೆಮ್ಮಿದವು, ಕಿಸಕ್ಕೆಂದವು. ಜವರಯ್ಯ ಮಾತ್ರ ಮರದ ದಿಮ್ಮಿಯ ಹಾಗೆ ತೇಲಿದ.

"ಇವರ ಮುಖ ಕ್ಲೋಸಪ್ಪಲ್ಲಿ ಬರಲಿ. ಕಣ್ಣು ತೆರೆದೇ ಇರಬೇಕು" ಎಂದ ನಿರ್ದೇಶಕ.

ಸಿನಿಮಾ ತೆರೆಗೆ ಬಂದಾಗ ಜವರಯ್ಯ ಊರಿಗೆಲ್ಲ ಡಂಗುರ ಸಾರಿದ. ಆದರೆ ನೋಡಲೇಬೇಕಾದವಳು ಹೆಂಡತಿ ವಿಶಾಲಾಕ್ಷಮ್ಮ. ಅವಳು ಒಪ್ಪಲಿಲ್ಲ.

"ಮುತ್ತೈದೆ ನಾನು. ಕಟ್ಕೊಂಡ್ ಗಂಡನ್ ಹೆಣ ನೋಡಕ್ಕೆ ಟಿಕೆಟ್ ಬೇರೆ ತಗೀಬೇಕಾ?"

"ಊರೆಲ್ಲಾ ನೋಡಿ ನೀನೊಬ್ಳು ನೋಡ್ದಿದ್ರೆ ನಂಗ್ಯಾತಕ್ಕೆ ಅದು?"

ಎರಡು ಹೊತ್ತು ಊಟ ಬಿಟ್ಟ. ಮೂರನೆಯ ಹೊತ್ತಿಗೆ ಅವಳು ಪೆಟ್ಟಿಗೆಯಿಂದ ಒಳ್ಳೆಯ ಸೀರೆ ತೆಗೆದಳು.

ಮಡಿಕೇರಿಯ ಥಿಯೇಟರಿನಲ್ಲಿ ತಾಳಿ ಹಿಡಿದು, ತಲೆ ತಗ್ಗಿಸಿ ಕೂತಳು. ಫಿರಂಗಿಗಳು ಗುಡುಗಿದವು, ಹಡಗು ಹೊತ್ತಿ ಉರಿದು ಮುಳುಗಿತು. ಬದುಕಿದವರು ದೋಣಿಯಲ್ಲಿ ಹೊರಟರು. ಆಮೇಲೆ ಪರದೆಯ ತುಂಬ ಜವರಯ್ಯನ ಮುಖ. ಹಿಂದಿನ ಸಾಲಿನಲ್ಲಿದ್ದ ಊರವರು ಶಿಳ್ಳೆ ಹೊಡೆದರು. ಅವನು ಪರದೆ ನೋಡಲಿಲ್ಲ, ಹೆಂಡತಿಯನ್ನೇ ನೋಡುತ್ತಿದ್ದ. ಅವಳು ತಲೆ ಎತ್ತಿದ್ದಳು. ಆ ಮುಖ ಮರೆಯಾಗುವವರೆಗೂ ರೆಪ್ಪೆ ಬಡಿಯಲಿಲ್ಲ.

ವಾಪಸು ಬರುವ ಬಸ್ಸು ಸುಂಟಿಕೊಪ್ಪ ದಾಟಿತು.

"ದೋಣೀಲಿ ಅಷ್ಟ್ ಜನ ಇದ್ರಲ್ಲ," ಎಂದಳು ವಿಶಾಲಾಕ್ಷಮ್ಮ. "ಒಬ್ರಾದ್ರೂ ಕೈ ಚಾಚಿ ನಿನ್ ಕಣ್ಣು ಮುಚ್ಚಬಾರ್ದಿತ್ತಾ?"

ಸಿನಿಮಾ ಕಣೇ ಅದು ಎನ್ನಲು ಅವನು ಬಾಯಿ ತೆರೆದ. ಹೊಳೆಯಿಂದ ತಂದವರ ವಿಷಯ ಅವಳು ಎಂದೂ ಕೇಳಿರಲಿಲ್ಲ, ಅವನೂ ಹೇಳಿರಲಿಲ್ಲ.

"ನಾನು ಮುಚ್ತೀನಿ," ಎಂದ. "ದಡ ಮುಟ್ಟೋಕ್ ಮುಂಚೆ. ಎಲ್ಲಾರ್ದೂ."

ವಿಶಾಲಾಕ್ಷಮ್ಮ ಅವನ ಬಲಗೈಯನ್ನು ತೆಗೆದುಕೊಂಡು, ಬಸ್ಸಿನ ತುಂಬ ಜನವಿದ್ದರೂ, ಕುಶಾಲನಗರ ಬರುವವರೆಗೆ ತನ್ನ ಮಡಿಲಲ್ಲಿ ಇಟ್ಟುಕೊಂಡಳು.