ಪುಕ್ಕಟೆ ಸಿನಿಮಾದ ಮಾವ
ಬೀದಿಗೆಲ್ಲ ಮಾವನಾದ ಈ ಮೊಬೈಲ್ ರಿಪೇರಿಯವನ ಅಂಗಡಿಗೆ ಬಿಡುಗಡೆಯಾದ ಮಧ್ಯಾಹ್ನವೇ ಹೊಸ ಸಿನಿಮಾದ ಕಳ್ಳಪ್ರತಿ ಬಂದು ಕಾಲು ಚಾಚಿ ಕೂತಿರುತ್ತದೆ; ಅವನು ಅದನ್ನು ಪೆನ್‌ಡ್ರೈವಿಗೆ ತುಂಬಿ ಕೇಳಿದವರಿಗೆಲ್ಲ ಪುಕ್ಕಟೆ ಹಂಚುತ್ತಾನೆ. ಅದನ್ನು ಕದ್ದ ಮಾಲು ಅಂದರೆ ಮಾವನಿಗೆ ಸಿಟ್ಟು ಮೂಗಿನ ತುದಿಗೇರುತ್ತದೆ. "ನಾನೇನು ಕನ್ನ ಹಾಕಿದ್ನಾ? ತಾನಾಗೇ ಬಂತು, ಹಂಚಿದೆ!" ಎನ್ನುತ್ತಾನೆ. "ಮೂರು ವರ್ಷ ಜೈಲಂತೆ, ಮಾವಾ" ಎಂದು ಯಾರಾದರೂ ಹೆದರಿಸಿದರೆ, "ಅಲ್ಲೂ ಜನಕ್ಕೆ ಹೊತ್ತು ಹೋಗಬೇಡ್ವಾ? ಪೆನ್‌ಡ್ರೈವ್ ತಗೊಂಡೇ ಹೋಗ್ತೀನಿ ಬಿಡು" ಎಂದು ಹೊಟ್ಟೆ ಕುಲುಕಿಸಿ ನಗುತ್ತಾನೆ. ಚಿತ್ರದ ನಡುವೆ ಯಾರದೋ ತಲೆ ಅಡ್ಡ ಬಂದರೂ, ಯಾರೋ ಕೆಮ್ಮಿದರೂ, "ಥಿಯೇಟರಲ್ಲೇ ಕೂತ ಹಾಗಿಲ್ವಾ?" ಎಂದು ಅದನ್ನೂ ಹೊಗಳುತ್ತಾನೆ. ಅಂಥವನು ಈ ವಾರದ ಹೊಸ ಚಿತ್ರ ಕೇಳಿದವರಿಗೆಲ್ಲ "ಬಂದಿಲ್ಲ" ಅಂದುಬಿಟ್ಟ. ಬಂದಿತ್ತು. ಅವನ ಮಗಳು ಎರಡು ವರ್ಷ ಕಣ್ಣು ಸವೆಸಿ ಉಡುಪು ಹೊಲಿದ ಮೊದಲ ಚಿತ್ರ ಅದು. ಕೊನೆಗೆ ಬರುವ ಹೆಸರುಗಳಲ್ಲಿ ಅವಳದೂ ಇದೆಯಂತೆ. ಕದ್ದು ಚಿತ್ರ ಹಿಡಿದವನು ಮಾತ್ರ ಜನ ಎದ್ದ ಕೂಡಲೇ, ಹೆಸರುಗಳು ಬರುವ ಮೊದಲೇ, ತಾನೂ ಎದ್ದು ಹೋಗಿದ್ದ. ಮಾವ ಆ ಪ್ರತಿಯನ್ನು ಅಳಿಸಿ, ಅಂಗಡಿಗೆ ಬೀಗ ಜಡಿದು, ಟಿಕೆಟ್ ಕೊಂಡು ಥಿಯೇಟರಿನಲ್ಲಿ ಕೂತ. ಚಿತ್ರ ಮುಗಿದು ಎಲ್ಲ ಹೊರಟರು. ಗುಡಿಸುವವಳು ಪೊರಕೆ ಹಿಡಿದು ಬಂದು, "ಏಳಿ ಯಜಮಾನ್ರೇ, ಮುಗೀತಲ್ಲ" ಅಂದಳು. "ಎಲ್ಲಿ ಮುಗೀತು, ತಾಯಿ?" ಅಂದ ಮಾವ ಪರದೆಯಿಂದ ಕಣ್ಣು ಕೀಳದೆ, "ಬಟ್ಟೆ ಹೊಲಿದವರ ಹೆಸರು ಇನ್ನೂ ಬಂದಿಲ್ಲ."