ಕಾಲುವೆಗೂ ಒಂದು ಹಿಡಿ ಚರಗ

ನಮ್ಮ ದೊಡ್ಡವ್ವ ಕುರುಗೋಡಿನಿಂದ ಹಚ್ಚೊಳ್ಳಿಗೆ ಸೊಸೆಯಾಗಿ ಬಂದಾಗ ಅವಳ ಅತ್ತೆ ಟ್ರಂಕಿನ ಕೀಲಿ ಕೊಟ್ಟು, ಒಳಗೆ ಹೊಲದ ಖರೀದಿ ಪತ್ರ ಇದೆ, ಜೋಪಾನ ಎಂದಿದ್ದಳಂತೆ. ದೊಡ್ಡವ್ವನ ಜೋಪಾನವೆಂದರೆ ಪೂಜೆ. ಪ್ರತಿ ದೀಪಾವಳಿಗೆ ಪತ್ರವನ್ನು ಲಕ್ಷ್ಮಿಯ ಪಕ್ಕ ಇಟ್ಟು, ಅರಿಷಿಣ ಕುಂಕುಮ ಹಚ್ಚಿ, ಕೈಮುಗಿದು, ಮತ್ತೆ ಟ್ರಂಕಿಗೆ ಸೇರಿಸುವಳು. ಬಿಚ್ಚಿ ಓದಿದವರು ಯಾರೂ ಇರಲಿಲ್ಲ. ಓದುವ ಪ್ರಸಂಗವೂ ಬಂದಿರಲಿಲ್ಲ.

ಬಹಳ ಹಿಂದೆ ಕಾಲುವೆ ತೋಡಿದಾಗ ಆ ಹೊಲದ ಒಂದು ಮೂಲೆಯನ್ನು ಸರ್ಕಾರ ತೆಗೆದುಕೊಂಡಿತ್ತು. ಪಹಣಿಗಳು ಕಂಪ್ಯೂಟರಿಗೆ ಏರುವಾಗ ಯಾರ ಕೈ ತಪ್ಪಿತೋ ಏನೋ, ಮೂಲೆಯ ಬದಲು ಇಡೀ ಹೊಲವೇ ಕಾಲುವೆಗೆ ಸೇರಿದ ಸರ್ಕಾರಿ ಜಮೀನೆಂದು ದಾಖಲಾಯಿತು. ದೊಡ್ಡವ್ವ ಮಾತ್ರ ಅದೇ ನೀರಿನಲ್ಲಿ ಭತ್ತ ಬೆಳೆಯುತ್ತಾ ಇದ್ದಳು. ಜಾಗ ತೆರವು ಮಾಡಿ ಎಂದು ನೋಟಿಸು ಬಂದ ದಿನವೇ ಅವಳಿಗೆ ವಿಷಯ ಗೊತ್ತಾದದ್ದು. ದೊಡ್ಡಪ್ಪ ತೀರಿಕೊಂಡು ವರ್ಷಗಳಾಗಿದ್ದವು. ಒಬ್ಬಳೇ ಮಗಳ ಹೆಸರಿಗೆ ಮಾಡಬೇಕೆಂದು ಅವಳು ಇಟ್ಟುಕೊಂಡದ್ದು ಆ ಎರಡು ಎಕರೆ ಒಂದೇ.

ಪತ್ರವನ್ನು ಸೀರೆಯ ತುಂಡಿನಲ್ಲಿ ಸುತ್ತಿಕೊಂಡು ಬಳ್ಳಾರಿಗೆ, ಪಾರ್ವತಿನಗರದ ನನ್ನ ಮನೆಗೆ ಬಂದಳು. ಮರುದಿನ ಕಂದಾಯ ಕಚೇರಿಯಲ್ಲಿ ವಿಚಾರಣೆ. ಸಾಹೇಬರು ಕಾಗದ ಬಿಚ್ಚಿ, ಕನ್ನಡಕ ತೆಗೆದು ಒರೆಸಿ, ಮತ್ತೆ ಹಾಕಿಕೊಂಡರು.

“ಅಮ್ಮಾ, ಸರ್ವೆ ನಂಬರ್ ಇರೋ ಜಾಗಕ್ಕೇ ಕುಂಕುಮ ಹಚ್ಚೀರಲ್ಲ?”

“ಅದು ಪತ್ರದ ಹಣಿ ಅಲ್ರೀ? ಹಣಿ ಬಿಟ್ಟು ಕಾಲಿಗೆ ಹಚ್ಚಲೇನು?”

ಸಾಹೇಬರು ನಕ್ಕರು. ಆದರೆ ಸರ್ಕಾರದ ಕಡೆಯವರು ನಗಲಿಲ್ಲ. ನಂಬರನ್ನು ಬೇಕೆಂದೇ ಅಳಿಸಲಾಗಿದೆ ಎಂದು ಬರೆದುಕೊಟ್ಟರು. ನೋಂದಣಿ ಕಚೇರಿಯ ಹಳೆಯ ಪ್ರತಿ ಸಿಕ್ಕರೆ ಸಾಕಿತ್ತು. ಆ ಪುಸ್ತಕಕ್ಕೆ ಗೆದ್ದಲು ಹತ್ತಿತ್ತು.

ಸಿರುಗುಪ್ಪದ ಬಸ್ಸಿನಲ್ಲಿ ದೊಡ್ಡವ್ವ ಕಿಟಕಿಯಾಚೆ ನೋಡುತ್ತಾ ಕೂತಿದ್ದಳು. ನಾನು ಕೊಟ್ಟ ಬಾಳೆಹಣ್ಣು ಸುಲಿಯದೆ ಮಡಿಲಲ್ಲೇ ಇತ್ತು.

“ನಾ ಅಳಿಸೀನಿ ಅಂತ ಬರದಾರೇನಲೇ?”

“ಅವರ ಕೆಲಸ ಅದು, ದೊಡ್ಡವ್ವ.”

“ಹೊಲ ಹೋದ್ರ ಹೋಗ್ಲಿ ಅನ್ನಾಕೂ ಬರಂಗಿಲ್ಲ ಈಗ. ಕಳ್ಳಿ ಅನಿಸ್ಕೊಂಡು ಸಾಯ್ಲೇನು?”

ಸಿರುಗುಪ್ಪದಲ್ಲಿ ಬೇವಿನ ಮರದ ಕೆಳಗೆ ಅರ್ಜಿ, ಕರಾರು ಬರೆದುಕೊಡುವ ಒಬ್ಬ ಚಾಚಾ ಇದ್ದರು. ಹಳೆಯ ಕಾಲದ ತೆಲುಗು ಪತ್ರ ಓದಬಲ್ಲವರು ಈಗ ಅವರೊಬ್ಬರೇ ಎಂದು ಜನ ಹೇಳುತ್ತಿದ್ದರು. ತೆಲುಗಿನಲ್ಲೇ ಇದ್ದ ನಮ್ಮ ಪತ್ರವನ್ನು ಅವರು ಬಿಸಿಲಿಗೆ ಹಿಡಿದು ನೋಡಿದರು.

“ಅಕ್ಕಾ, ನಂಬರ್ ನಿಮ್ಮ ಲಕ್ಷ್ಮೀನೇ ನುಂಗ್ಯಾಳ. ಆಕಿನ್ನ ಸಾಕ್ಷಿಗೆ ಕರ್‍ಯಾಕ ಬರಂಗಿಲ್ಲ.”

“ನಗ್ಯಾಡಬ್ಯಾಡ ತಮ್ಮಾ, ಕೆಳಗೇನು ಬರದೈತಿ ಅದನ್ನ ಹೇಳು.”

ಚಾಚಾ ಬೆರಳಿಟ್ಟು ಓದಿದರು. ನಾಲ್ಕು ಮೂಲೆಗೆ ನಾಲ್ಕು ಬಾಂದುಕಲ್ಲು. ಈ ಕಲ್ಲಿನಿಂದ ಆ ಕಲ್ಲಿಗೆ ಇಷ್ಟು ಗಜ. ಎಲ್ಲವೂ ಸ್ಪಷ್ಟವಾಗಿತ್ತು. “ನಂಬರ್ ಹೋದ್ರ ಹೋಗ್ಲಿ. ಕಲ್ಲು ತೋರಿಸ್ರಿ, ಅಳತಿ ಮಾಡಿಸ್ರಿ. ಅಳತಿ ಕೂಡಿದ್ರ ಹೊಲ ಇದೇ ಅಂತಾಗ್ತೈತಿ,” ಎಂದು ಮೋಜಣಿಗೆ ಅರ್ಜಿ ಬರೆದುಕೊಟ್ಟರು.

ಭತ್ತ ಕೊಯ್ದ ಮೇಲೆ ಸರ್ವೇಯರು ಬಂದರು. ಬದುವಿನ ಮೇಲೆ ಎರಡು ಸುತ್ತು ಹಾಕಿದರೂ ಒಂದು ಕಲ್ಲೂ ಕಾಣಲಿಲ್ಲ. ವರ್ಷ ವರ್ಷವೂ ಮಣ್ಣೇರಿಸಿದ ಬದು ಅವನ್ನೆಲ್ಲ ನುಂಗಿಬಿಟ್ಟಿತ್ತು.

“ಕಲ್ಲೇ ಇಲ್ಲಂದ್ರ ಎಲ್ಲಿಂದ ಅಳೀಲಿ ಅಮ್ಮಾ?”

“ಇಲ್ಲಾಂತ ಯಾರಂದ್ರು? ಬರ್ರಿ.”

ಎಳ್ಳಮವಾಸ್ಯೆಯ ದಿನ ಹೊಲದ ನಾಲ್ಕು ಮೂಲೆಗೂ ಅಡುಗೆ ಚೆಲ್ಲಿ ಭೂಮಿತಾಯಿಗೆ ಉಣಿಸುವುದಕ್ಕೆ ನಮ್ಮ ಕಡೆ ಚರಗ ಎನ್ನುತ್ತಾರೆ. ಅತ್ತೆ ತೋರಿಸಿಕೊಟ್ಟ ಜಾಗದಲ್ಲೇ ದೊಡ್ಡವ್ವ ಒಂದು ವರ್ಷವೂ ಬಿಡದೆ ಚೆಲ್ಲಿದ್ದಳು. ಕಲ್ಲು ಮುಚ್ಚಿಹೋದ ಮೇಲೂ ಜಾಗ ಬದಲಿಸಿರಲಿಲ್ಲ. ಚಪ್ಪಲಿ ಬಿಟ್ಟು ನಡೆದು ಒಂದು ಕಡೆ ನಿಂತಳು. “ಇಲ್ಲಿ ಅಗೀರಿ.” ಮೊಣಕಾಲುದ್ದ ಅಗೆದಾಗ ಹಾರೆ ಠಣ್ ಎಂದಿತು. ಎರಡನೆಯದೂ ಹಾಗೆಯೇ. ಮೂರನೆಯದಕ್ಕೆ ಒಂದು ಗೇಣು ಆಚೆ ಅಗೆಯಬೇಕಾಯಿತು. “ಕಣ್ಣು ಮಂಜಾಗ್ಯಾವು, ತಪ್ಪು ನಂದ,” ಎಂದು ಕಲ್ಲಿಗೇ ಹೇಳಿದಳು.

“ನಾಲ್ಕನೇದು?” ಎಂದರು ಸರ್ವೇಯರು.

ದೊಡ್ಡವ್ವ ಕಾಲುವೆಯ ದಂಡೆಗೆ ಹೋಗಿ ನೀರಿನತ್ತ ಕೈ ತೋರಿದಳು. “ಅಲ್ಲೈತಿ. ಆ ಮೂಲಿ ಕಾಲುವಿಗೆ ಕೊಟ್ಟೀವಿ. ಅವತ್ತಿಂದ ಅದರ ಪಾಲಿನ ಚರಗ ನೀರಿಗೇ ಚೆಲ್ತೀನಿ. ಕೊಟ್ಟಿದ್ದನ್ನ ನಾ ಕೇಳಿಲ್ಲ. ಕೊಡದಿದ್ದನ್ನ ಅವರು ಯಾಕ ಬರ್ಕೊಂಡ್ರು?”

ಸರ್ವೇಯರು ಸರಪಳಿ ಬಿಚ್ಚಿದರು. ಮೂರು ಕಲ್ಲುಗಳ ನಡುವೆ ಅಳೆದರು, ಪತ್ರದ ಗಜಗಳ ಜೊತೆ ಹೋಲಿಸಿದರು, ಗುಂಟೆಯಷ್ಟು ಮೂಲೆಯನ್ನು ಮಾತ್ರ ಕಾಲುವೆಯೊಳಗೆ ಗುರುತು ಹಾಕಿದರು. ಹೋಗುವಾಗ ಅವರೂ ಒಮ್ಮೆ ಬಗ್ಗಿ ನೀರು ನೋಡಿದ್ದನ್ನು ನಾನು ಗಮನಿಸಿದೆ.

ಇನ್ನೂ ಮೂರು ವಾಯಿದೆಗಳಾದವು. ಆಮೇಲೆ ಆದೇಶವಾಗಿ, ಹೊಸ ಪಹಣಿಯಲ್ಲಿ ದೊಡ್ಡವ್ವನ ಹೆಸರು ಬಂತು. ಪತ್ರವನ್ನು ಅಳಿಸಿದ್ದಲ್ಲ, ಪೂಜಿಸಿದ್ದು ಎಂದು ಆದೇಶದಲ್ಲಿ ಒಂದು ಸಾಲು ಇತ್ತು. ಅದನ್ನೇ ಎರಡು ಸಲ ಓದಿಸಿಕೊಂಡಳು.

ದೀಪಾವಳಿಗೆ ಹಚ್ಚೊಳ್ಳಿಗೆ ಹೋದಾಗ ನಾನು ಆದೇಶದ ಝೆರಾಕ್ಸ್ ಒಯ್ದಿದ್ದೆ. “ಪೂಜಿಗೆ ಇದನ್ನ ಇಡು. ಅಸಲು ಮುಟ್ಟಬ್ಯಾಡ.”

“ಝೆರಾಕ್ಸಿಗೆ ಪೂಜಿ ಮಾಡಿ, ಲಕ್ಷ್ಮಿಗೆ ಹೋಳಿಗಿ ಫೋಟೋ ತೋರಿಸ್ಲೇನಲೇ?”

ಆದೇಶದ ಅಸಲನ್ನೇ ಇಟ್ಟಳು. ಕುಂಕುಮದ ಬೆರಳು ಮೇಲಿನ ಸಾಲಿನವರೆಗೆ ಹೋಗಿ ನಿಂತಿತು. ನನ್ನ ಮುಖ ನೋಡಿದಳು. ನಿಧಾನವಾಗಿ ಕಾಗದ ಮಗುಚಿ, ಬರಹವಿಲ್ಲದ ಬೆನ್ನಿಗೆ ಒಂದು ಸಣ್ಣ ಬೊಟ್ಟು ಇಟ್ಟಳು.

“ಆ ಕಡಿಗೆ ಹತ್ತಿಲ್ಲಲ್ಲ? ದೀಪಕ್ಕ ಹಿಡ್ದು ನೋಡು,” ಎಂದಳು.